ಹಳೆಯ ಚಿತ್ರದ ಸಾಕ್ಷಿ

ಆಷಾಢದ ಗಾಳಿ ಬೀಸತೊಡಗಿತೆಂದರೆ ಮಂಡ್ಯ ಸೀಮೆಯ ರೈತನ ಕಣ್ಣು ಎರಡು ಕಡೆ ನೆಟ್ಟಿರುತ್ತದೆ. ಒಂದು ಆಕಾಶದ ಕಡೆ. ಇನ್ನೊಂದು ಕನ್ನಂಬಾಡಿಯ ಕಟ್ಟೆಯ ಕಡೆ. ಕೃಷ್ಣರಾಜಸಾಗರದ ನೀರಿನ ಮಟ್ಟ 124.80 ಅಡಿ ಮುಟ್ಟಿದರೆ ಅದು ತುಂಬಿದ ಕಟ್ಟೆ. ಅಲ್ಲಿಂದ ಹೊರಟ ವಿಶ್ವೇಶ್ವರಯ್ಯ ನಾಲೆ ಮಂಡ್ಯವನ್ನು ದಾಟಿ ಮದ್ದೂರು, ಮಳವಳ್ಳಿ ತಾಲ್ಲೂಕುಗಳ ಗದ್ದೆಗಳವರೆಗೂ ನೀರುಣಿಸಬೇಕು. ನಾಲೆಯ ಕೊನೆಯ ಭಾಗದಲ್ಲಿರುವ ರೈತನು ಬತ್ತದ ಒಟ್ಲು ಹಾಕಬೇಕೆ, ಇಲ್ಲವೆ ರಾಗಿ ಬಿತ್ತಿ ಮಳೆಯನ್ನು ನಂಬಬೇಕೆ ಎಂಬ ತೀರ್ಮಾನ ಈ ನೀರಿನ ಮಟ್ಟವನ್ನು ಅವಲಂಬಿಸಿದೆ.

ಇಂತಹ ಒಂದು ಸಂಜೆ ಮಳವಳ್ಳಿಯ ಕಡೆಯ ಹಳ್ಳಿಯೊಂದರ ಮನೆಯಲ್ಲಿ ದೂರದರ್ಶನದ ಪೆಟ್ಟಿಗೆಯ ಮುಂದೆ ಎಲ್ಲರೂ ಕುಳಿತಿದ್ದಾರೆ ಎಂದು ಭಾವಿಸೋಣ. ಪರದೆಯ ಮೇಲೆ ಕಟ್ಟೆಯ ಬಾಗಿಲುಗಳಿಂದ ನೀರು ನೊರೆನೊರೆಯಾಗಿ ಧುಮ್ಮಿಕ್ಕುವ ದೃಶ್ಯ ಮೂಡುತ್ತದೆ. ಮನೆಯ ಯಜಮಾನನ ಮುಖ ಅರಳುತ್ತದೆ. ಆದರೆ ಒಂದು ಪ್ರಶ್ನೆ ಉಳಿಯುತ್ತದೆ: ಆ ನೀರು ಇಂದಿನದೆ? 2022ರಲ್ಲಿ ಈ ಕಟ್ಟೆ ತುಂಬಿತ್ತು. 2023ರ ಮಳೆಗಾಲದಲ್ಲಿ ತುಂಬಲಿಲ್ಲ. 2024ರ ಜುಲೈ ತಿಂಗಳಲ್ಲಿ ಮತ್ತೆ ತುಂಬಿತು. ತುಂಬಿದ ವರ್ಷಗಳಲ್ಲೆಲ್ಲ ಧುಮುಕುವ ನೀರಿನ ರೂಪ ಒಂದೇ, ಸದ್ದು ಒಂದೇ. ತಾನು ಯಾವ ವರ್ಷದ ನೀರೆಂದು ಹೇಳಲು ನೀರಿಗೆ ನಾಲಿಗೆ ಇಲ್ಲ. ಅದನ್ನು ಹೇಳಬೇಕಾದವರು ಚಿತ್ರವನ್ನು ತೋರಿಸುವವರು. ಎರಡು ವರ್ಷ ಹಿಂದಿನ ಚಿತ್ರವನ್ನು ದಿನಾಂಕವಿಲ್ಲದೆ ತೋರಿಸಿದರೆ ಅದನ್ನು ನಂಬಿ ಒಟ್ಲು ಹಾಕಿದವನ ಪಾಡೇನು?

ಹಿಂದೆ ಎಂದೋ ತೆಗೆದು, ಕಾಪಾಡಿಟ್ಟು, ಮುಂದೆ ಬೇರೊಂದು ಕಾರ್ಯಕ್ರಮದಲ್ಲಿ ಬಳಸುವ ಚಲಿಸುವ ಚಿತ್ರಗಳಿಗೆ ‘ಸಂಗ್ರಹ ಚಿತ್ರ’ಗಳೆಂದು ಹೆಸರು. ನಮ್ಮ ಹಿರಿಯರು ಸುಗ್ಗಿಯಲ್ಲಿ ಬೆಳೆದ ರಾಗಿಯನ್ನೆಲ್ಲ ಒಮ್ಮೆಗೇ ಉಂಡು ಮುಗಿಸುತ್ತಿರಲಿಲ್ಲ. ಒಂದು ಪಾಲನ್ನು ನೆಲದೊಳಗಿನ ಹಗೇವಿನಲ್ಲಿ ತುಂಬಿ ಬಾಯಿ ಮುಚ್ಚುತ್ತಿದ್ದರು. ಮಳೆ ಕೈಕೊಟ್ಟ ವರ್ಷ ಅದು ಊರನ್ನು ಕಾಯುತ್ತಿತ್ತು. ಚಿತ್ರಸಂಗ್ರಹವೂ ದೂರದರ್ಶನದ ಹಗೇವು. ಕಣ್ಣಮುಂದಿನ ಲೋಕದಲ್ಲಿ ಇನ್ನು ದೊರೆಯದ ದೃಶ್ಯವನ್ನು ಅದು ಒದಗಿಸುತ್ತದೆ.

ದೂರದರ್ಶನ ಬರುವುದಕ್ಕಿಂತ ಬಹಳ ಹಿಂದೆಯೇ ಈ ಹಗೇವು ತುಂಬತೊಡಗಿತ್ತು. ಭಾರತ ಸರ್ಕಾರವು 1948ರಲ್ಲಿ ಫಿಲಂಸ್ ಡಿವಿಷನ್ ಎಂಬ ಸಂಸ್ಥೆಯನ್ನು ಸ್ಥಾಪಿಸಿತು. ಅದು ತಯಾರಿಸಿದ ವಾರ್ತಾಚಿತ್ರಗಳನ್ನು ದೇಶದ ಚಿತ್ರಮಂದಿರಗಳಲ್ಲಿ ಮುಖ್ಯ ಚಿತ್ರಕ್ಕೆ ಮೊದಲು ತೋರಿಸಲಾಗುತ್ತಿತ್ತು. ಅಣೆಕಟ್ಟುಗಳು, ಕಾರ್ಖಾನೆಗಳು, ನೆರೆ, ಬರ, ನಾಯಕರ ಭಾಷಣ ಇವೆಲ್ಲ ಆ ಸುರುಳಿಗಳಲ್ಲಿ ಸೇರಿದವು. ದೆಹಲಿಯಲ್ಲಿ 1959ರ ಸೆಪ್ಟೆಂಬರ್ 15ರಂದು ದೂರದರ್ಶನ ಆರಂಭವಾಯಿತು. ಬೆಂಗಳೂರು ಕೇಂದ್ರವು 1981ರ ನವೆಂಬರ್ 1ರಂದು, ರಾಜ್ಯೋತ್ಸವದ ದಿನವೇ, ಕೆಲಸ ಮೊದಲುಮಾಡಿತು. ಅಂದಿನಿಂದ ಕನ್ನಡ ನಾಡಿನ ಸುದ್ದಿ, ಸಂಗೀತ, ನಾಟಕಗಳು ಟೇಪುಗಳಲ್ಲಿ ಶೇಖರವಾಗತೊಡಗಿದವು.

ಸಂಗ್ರಹ ಚಿತ್ರದ ಮೊದಲ ಪ್ರಯೋಜನ, ಅಳಿದುಹೋದುದನ್ನು ತೋರಿಸುವುದು. ಮದ್ದೂರು ರೈಲು ನಿಲ್ದಾಣದ ಕಥೆಯನ್ನು ಹೇಳಲು ಹೊರಟ ನಿರ್ಮಾಪಕನಿಗೆ ಇಂದು ವಿದ್ಯುತ್ತಿನಿಂದ ಓಡುವ ಗಾಡಿಗಳು ದೊರೆಯುತ್ತವೆ. ಹೊಗೆಯುಗುಳುತ್ತ ಮೀಟರ್ ಗೇಜ್ ಹಳಿಯ ಮೇಲೆ ಬರುತ್ತಿದ್ದ ಕಲ್ಲಿದ್ದಲ ಎಂಜಿನ್ನು ದೊರೆಯುವುದಿಲ್ಲ. ಎತ್ತುಗಳು ಸುತ್ತು ಹಾಕುತ್ತಿದ್ದ ಆಲೆಮನೆಯ ಗಾಣದ ಜಾಗಕ್ಕೆ ಯಂತ್ರ ಬಂದಿದೆ. ಕಟ್ಟೆ ಕಟ್ಟಿದಾಗ ಮುಳುಗಿದ ಹಳೆಯ ಕನ್ನಂಬಾಡಿಯ ವೇಣುಗೋಪಾಲಸ್ವಾಮಿ ದೇವಾಲಯವು ನೀರು ತೀರ ಇಳಿದ ವರ್ಷಗಳಲ್ಲಿ ತಲೆಯೆತ್ತಿ ನಿಲ್ಲುತ್ತಿತ್ತು. ಈಗ ಅದರ ಕಲ್ಲುಗಳನ್ನು ಬಿಚ್ಚಿ ತಂದು ಹೊಸ ಕನ್ನಂಬಾಡಿಯ ಬಳಿ ಮತ್ತೆ ಕಟ್ಟಲಾಗಿದೆ. ಕೆಸರಿನ ಬಯಲಿನ ನಡುವೆ ಒಂಟಿಯಾಗಿ ನಿಂತಿದ್ದ ಗುಡಿಯನ್ನು ಕಾಣಬೇಕಾದರೆ ಹಳೆಯ ಚಿತ್ರವೊಂದೇ ಗತಿ.

ಇದಕ್ಕಿಂತ ದೊಡ್ಡ ಉದಾಹರಣೆ ನೆರೆಯ ಮೈಸೂರು ಜಿಲ್ಲೆಯ ಖೆಡ್ಡಾ. ಕಾಡಾನೆಗಳ ಹಿಂಡನ್ನು ಸುತ್ತುವರಿದು, ಕಬಿನಿ ಹೊಳೆಯನ್ನು ದಾಟಿಸಿ, ಮರದ ದಿಮ್ಮಿಗಳ ಬೇಲಿಯೊಳಕ್ಕೆ ಅಟ್ಟಿ ಹಿಡಿಯುವ ಈ ಕಾರ್ಯವು ಕಾಕನಕೋಟೆಯ ಕಾಡಿನಲ್ಲಿ ನಡೆಯುತ್ತಿತ್ತು. ಕೊನೆಯ ಖೆಡ್ಡಾ ನಡೆದದ್ದು 1971ರಲ್ಲಿ. ಮರುವರ್ಷ ವನ್ಯಜೀವಿ ಸಂರಕ್ಷಣಾ ಕಾಯಿದೆ ಬಂದಿತು. ಕಬಿನಿಗೆ ಕಟ್ಟಿದ ಅಣೆಕಟ್ಟಿನ ಹಿನ್ನೀರಿನಲ್ಲಿ ಆ ನೆಲವೇ ಮುಳುಗಿತು. ಎಷ್ಟೇ ಹಣ ಸುರಿದರೂ ಖೆಡ್ಡಾವನ್ನು ಮತ್ತೆ ನಡೆಸಿ ಚಿತ್ರ ತೆಗೆಯಲು ಸಾಧ್ಯವಿಲ್ಲ. ನಡೆಸುವುದು ಸರಿಯೂ ಅಲ್ಲ. ರಾಬರ್ಟ್ ಫ್ಲಹರ್ಟಿ ಎಂಬ ಪ್ರಸಿದ್ಧ ಚಿತ್ರಕಾರನು 1930ರ ದಶಕದಲ್ಲಿ ಮೈಸೂರಿಗೆ ಬಂದು, ಕಾರಾಪುರದ ಮಾವುತನ ಮಗನಾದ ಸಾಬು ಎಂಬ ಹುಡುಗನನ್ನು ನಾಯಕನನ್ನಾಗಿಸಿಕೊಂಡು ಆನೆಗಳ ದೃಶ್ಯಗಳನ್ನು ಸೆರೆಹಿಡಿದನು. ‘ಎಲಿಫೆಂಟ್ ಬಾಯ್’ ಎಂಬ ಆ ಚಿತ್ರ 1937ರಲ್ಲಿ ಬಿಡುಗಡೆಯಾಯಿತು. ಅದರ ಕಥೆ ಕಲ್ಪಿತ. ಅದರಲ್ಲಿನ ಆನೆಗಳೂ ಕಾಡೂ ನಿಜ. ಹಳೆಯ ಚಿತ್ರವನ್ನು ಬಳಸುವವನು ಈ ಎರಡನ್ನೂ ಬೇರ್ಪಡಿಸಿ ನೋಡಬಲ್ಲವನಾಗಿರಬೇಕು.

ಚದುರಿಹೋದ ಚಿತ್ರಗಳನ್ನು ಒಟ್ಟುಗೂಡಿಸಿದರೆ ಒಂದು ಜೀವನಚರಿತ್ರೆಯನ್ನೇ ಕಟ್ಟಬಹುದೆಂಬುದನ್ನು ತಮಿಳಿನ ಬರಹಗಾರ ಎ.ಕೆ. ಚೆಟ್ಟಿಯಾರರು ತೋರಿಸಿಕೊಟ್ಟರು. ಗಾಂಧೀಜಿಯವರ ಚಿತ್ರಗಳನ್ನು ಬೇರೆ ಬೇರೆ ದೇಶಗಳ ಛಾಯಾಗ್ರಾಹಕರು ತೆಗೆದಿದ್ದರು. ಅವು ಲೋಕದ ಮೂಲೆ ಮೂಲೆಗಳಲ್ಲಿ ಹಂಚಿಹೋಗಿದ್ದವು. ಚೆಟ್ಟಿಯಾರರು ಖಂಡಖಂಡಾಂತರ ಅಲೆದು ಸುಮಾರು 50,000 ಅಡಿ ಉದ್ದದ ಚಿತ್ರಸುರುಳಿಯನ್ನು ಸಂಗ್ರಹಿಸಿ, 1940ರಲ್ಲಿ ಗಾಂಧೀಜಿಯವರನ್ನು ಕುರಿತ ಸಾಕ್ಷ್ಯಚಿತ್ರವನ್ನು ಹೊರತಂದರು. ವಿಧಿಯ ವಿಚಿತ್ರವೆಂದರೆ, ಇಷ್ಟು ಶ್ರಮದಿಂದ ಕೂಡಿಸಿದ ಆ ಚಿತ್ರವೇ ಮುಂದೆ ಕಣ್ಮರೆಯಾಯಿತು. ಅದರ ಸಂಕ್ಷಿಪ್ತ ಇಂಗ್ಲಿಷ್ ರೂಪವೊಂದು 2006ರಲ್ಲಿ ಅಮೆರಿಕದಲ್ಲಿ ಪತ್ತೆಯಾಯಿತು. ಕೂಡಿಸುವುದು ಎಷ್ಟು ಕಷ್ಟವೋ ಉಳಿಸುವುದೂ ಅಷ್ಟೇ ಕಷ್ಟ.

ಸಂಗ್ರಹ ಚಿತ್ರಗಳಿಂದ ಕಾರ್ಯಕ್ರಮವೊಂದು ರೂಪುಗೊಳ್ಳುವ ಬಗೆ ಸ್ವಾರಸ್ಯಕರವಾದುದು. ಮೊದಲು ಇರ್ವಿನ್ ನಾಲೆಯೆಂದು ಹೆಸರಾಗಿದ್ದ ವಿಶ್ವೇಶ್ವರಯ್ಯ ನಾಲೆಯ ಮೇಲೆ ಅರ್ಧ ಗಂಟೆಯ ಕಾರ್ಯಕ್ರಮ ಮಾಡಬೇಕಾಗಿದೆ ಎಂದಿಟ್ಟುಕೊಳ್ಳೋಣ. ನಿರ್ಮಾಪಕನು ಮೊದಲು ಕಥನವನ್ನು ಬರೆದು, ಯಾವ ಮಾತಿಗೆ ಯಾವ ಚಿತ್ರ ಬೇಕೆಂದು ಪಟ್ಟಿ ಮಾಡುತ್ತಾನೆ. ಕಟ್ಟೆಯ ನಿರ್ಮಾಣ, ಹುಲಿಕೆರೆಯ ಸುರಂಗ, ನಾಲೆಗೆ ಬಿಟ್ಟ ನೀರು, 1933ರಲ್ಲಿ ಆರಂಭವಾದ ಮಂಡ್ಯದ ಸಕ್ಕರೆ ಕಾರ್ಖಾನೆ, ಅದರ ಮುಂದೆ ಸಾಲುಗಟ್ಟಿದ ಕಬ್ಬಿನ ಗಾಡಿಗಳು ಹೀಗೆ ಪಟ್ಟಿ ಬೆಳೆಯುತ್ತದೆ. ಪಟ್ಟಿ ಹಿಡಿದು ಹುಡುಕುವವರು ಸರ್ಕಾರಿ ಸಂಗ್ರಹಗಳು, ಹಳೆಯ ಚಿತ್ರಸಂಸ್ಥೆಗಳು, ಮನೆತನಗಳ ಖಾಸಗಿ ಪೆಟ್ಟಿಗೆಗಳು ಎಲ್ಲವನ್ನೂ ಶೋಧಿಸುತ್ತಾರೆ. ದೊರೆತ ಚಿತ್ರವನ್ನು ಮೊದಲಿನಿಂದ ಕೊನೆಯವರೆಗೆ ನೋಡಿ, ಎಷ್ಟನೆಯ ನಿಮಿಷದಲ್ಲಿ ಏನಿದೆ ಎಂದು ಬರೆದಿಡುತ್ತಾರೆ. ಹಕ್ಕುದಾರರ ಅಪ್ಪಣೆ ಪಡೆದ ಮೇಲೆ, ಆರಿಸಿದ ತುಣುಕುಗಳು ಸಂಕಲನಕಾರನ ಕೈಸೇರುತ್ತವೆ. ಹಲವು ಗಂಟೆಗಳ ಚಿತ್ರದಿಂದ ಕೆಲವೇ ನಿಮಿಷಗಳು ಪರದೆಗೆ ಬರುತ್ತವೆ.

ದೊರೆತ ಚಿತ್ರದ ಡಬ್ಬಿಯ ಮೇಲೆ ಬರಹವೇ ಇಲ್ಲದಿದ್ದರೆ? ಆಗ ಶೋಧಕನು ಪತ್ತೇದಾರನಾಗಬೇಕಾಗುತ್ತದೆ. ಚಿತ್ರದೊಳಗಿನ ಸಣ್ಣ ಸಂಗತಿಗಳೇ ಅವನಿಗೆ ದಾರಿ ತೋರಿಸುತ್ತವೆ. ಕಚೇರಿಯ ಫಲಕದಲ್ಲಿ ‘ಮೈಸೂರು ರಾಜ್ಯ’ ಎಂದಿದ್ದರೆ ಆ ಫಲಕವನ್ನು ಬರೆಸಿದ್ದು, ರಾಜ್ಯಕ್ಕೆ ಕರ್ನಾಟಕವೆಂದು ಹೆಸರಾದ 1973ರ ನವೆಂಬರ್ 1ಕ್ಕಿಂತ ಮೊದಲು. ‘ಮಂಡ್ಯ ಜಿಲ್ಲೆ’ ಎಂಬ ಬರಹ ಕಂಡರೆ ಚಿತ್ರವು 1939ಕ್ಕಿಂತ ಹಿಂದಿನದಾಗಿರಲಾರದು. ಏಕೆಂದರೆ ಮೈಸೂರಿನಿಂದ ಬೇರ್ಪಟ್ಟು ಮಂಡ್ಯ ಜಿಲ್ಲೆ ಹುಟ್ಟಿದ್ದೇ ಆ ವರ್ಷ. ಹಾದುಹೋಗುವ ಲಾರಿಯ ಮೇಲೆ ‘ಕೆಎ 11’ ಎಂಬ ಮಂಡ್ಯದ ನೋಂದಣಿ ಗುರುತು ಇದ್ದರೆ ಅದು 1990ರ ಸುಮಾರಿನ ಈಚೆಗಿನದು. ಗೋಡೆಯ ಸಿನಿಮಾ ಪತ್ರ, ಹೆಂಗಸರ ಸೀರೆಯ ಅಂಚು, ರೈಲುಹಳಿಯ ಅಗಲ ಇವೂ ಸಾಕ್ಷಿ ನುಡಿಯುತ್ತವೆ. ಶಾಸನದ ಅಕ್ಷರಗಳ ರೂಪವನ್ನು ನೋಡಿ ಕಾಲವನ್ನು ನಿರ್ಣಯಿಸುವ ವಿದ್ವಾಂಸನ ಕೆಲಸಕ್ಕೂ ಇದಕ್ಕೂ ಹೆಚ್ಚು ಅಂತರವಿಲ್ಲ.

ಕಾಲ ಗೊತ್ತಾದ ಮೇಲೂ ತಾಂತ್ರಿಕ ತೊಡಕುಗಳಿವೆ. ಹಳೆಯ ಚಿತ್ರಗಳಲ್ಲಿ ಜನರು ಓಡುವವರಂತೆ ಸರಸರನೆ ನಡೆಯುವುದನ್ನು ಎಲ್ಲರೂ ಕಂಡಿರುತ್ತಾರೆ. ಮೂಕಿಚಿತ್ರಗಳ ಕಾಲದಲ್ಲಿ ಕ್ಯಾಮೆರಾದ ಹಿಡಿಯನ್ನು ಕೈಯಿಂದಲೇ ತಿರುಗಿಸಿ, ಸೆಕೆಂಡಿಗೆ ಸುಮಾರು 16 ಚಿತ್ರಗಳನ್ನು ತೆಗೆಯುತ್ತಿದ್ದರು. ಮಾತಿನ ಚಿತ್ರಗಳು ಬಂದ ಮೇಲೆ ಸೆಕೆಂಡಿಗೆ 24 ಚಿತ್ರಗಳು ರೂಢಿಯಾದವು. ನಮ್ಮ ದೂರದರ್ಶನದ ಕ್ರಮದಲ್ಲಿ 25. ನಿಧಾನವಾಗಿ ತೆಗೆದುದನ್ನು ವೇಗವಾಗಿ ಓಡಿಸಿದರೆ ನಡಿಗೆಯು ಓಟವಾಗದೆ ಇನ್ನೇನಾದೀತು? ಗಾಂಧೀಜಿಯವರು ಬಿರುಸಾಗಿ ನಡೆಯುವವರೇ ಹೌದು. ಆದರೆ ಕೆಲವು ಹಳೆಯ ಚಿತ್ರಗಳಲ್ಲಿ ಕಾಣುವಷ್ಟು ಬಿರುಸು ಅವರದಲ್ಲ, ಯಂತ್ರದ್ದು. ಹಾಗೆಯೇ ಹಳೆಯ ಚಿತ್ರದ ಚೌಕಟ್ಟು ಬಹುಮಟ್ಟಿಗೆ ಚೌಕಾಕಾರ. ಇಂದಿನ ಪರದೆ ಅಗಲವಾದುದು. ಪರದೆಯನ್ನು ತುಂಬಿಸುವ ಆತುರದಲ್ಲಿ ಚಿತ್ರದ ಮೇಲುಭಾಗವನ್ನೂ ಕೆಳಭಾಗವನ್ನೂ ಕತ್ತರಿಸಿದರೆ ಪೇಟ ಹೋಗಿ ಮುಖ ಉಳಿಯುತ್ತದೆ; ಕಾಲು ಹೋಗಿ ಕುಣಿತ ಉಳಿಯುತ್ತದೆ.

ಇಷ್ಟೆಲ್ಲ ಶ್ರಮವೂ ಚಿತ್ರ ಉಳಿದಿದ್ದರೆ ಮಾತ್ರ. ಉಳಿಯದೆ ಹೋದ ಚಿತ್ರಗಳ ಕಥೆ ವಿಷಾದಕರವಾದುದು. 1934ರಲ್ಲಿ ತೆರೆಕಂಡ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ದ ಪ್ರತಿ ಇಂದು ಉಳಿದಿಲ್ಲ. ಕನ್ನಡ ಬೆಳ್ಳಿತೆರೆಯ ಮೊದಲ ಮಾತನ್ನು ಇಂದಿನವರು ಕೇಳಲಾರರು. ಆ ಕಾಲದ ನೈಟ್ರೇಟ್ ಸುರುಳಿಗೆ ಕಿಡಿ ಸೋಕಿದರೂ ಸಾಕು, ಹೊತ್ತಿ ಉರಿಯುತ್ತಿತ್ತು. ಅನಂತರದ ಅಸಿಟೇಟ್ ಸುರುಳಿ ಸೆಕೆಗೂ ತೇವಕ್ಕೂ ಸಿಕ್ಕಿ, ಹುಳಿ ವಾಸನೆ ಬೀರುತ್ತ ಮುದುಡುತ್ತದೆ. ಸುರುಳಿಯಲ್ಲಿರುವ ಬೆಳ್ಳಿಯ ಅಂಶಕ್ಕಾಗಿ ಹಳೆಯ ಚಿತ್ರಗಳನ್ನು ಕರಗಿಸಿ ಮಾರಿದವರೂ ಉಂಟು. ಇಂತಹ ನಾಶವನ್ನು ತಡೆಯಲು 1964ರಲ್ಲಿ ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಸ್ಥಾಪಿತವಾಯಿತು. ಅದನ್ನು ಕಟ್ಟಿ ಬೆಳೆಸಿದ ಪಿ.ಕೆ. ನಾಯರ್ ಅವರು ಊರೂರು ತಿರುಗಿ, ಅಟ್ಟಗಳಲ್ಲಿಯೂ ಗೋದಾಮುಗಳಲ್ಲಿಯೂ ಬಿದ್ದಿದ್ದ ಸುರುಳಿಗಳನ್ನು ತಂದು ಸೇರಿಸಿದರು. ಅಲ್ಲಿಯೂ ವಿಪತ್ತು ತಪ್ಪಲಿಲ್ಲ: 2003ರ ಜನವರಿಯಲ್ಲಿ ಪುಣೆಯಲ್ಲಿ ಸಂಭವಿಸಿದ ಬೆಂಕಿ ಅನಾಹುತದಲ್ಲಿ ಅಮೂಲ್ಯವಾದ ನೈಟ್ರೇಟ್ ಸುರುಳಿಗಳು ಸುಟ್ಟುಹೋದವು.

ಟೇಪಿನ ಶತ್ರು ಬೆಂಕಿಗಿಂತ ಹೆಚ್ಚಾಗಿ ಮಿತವ್ಯಯ. ಬೆಲೆಬಾಳುವ ಟೇಪನ್ನು ಅಳಿಸಿ ಮತ್ತೆ ಬಳಸುವ ಪದ್ಧತಿ ಹಿಂದೆ ಲೋಕದ ಎಲ್ಲ ಕಡೆಯೂ ಇತ್ತು. 1969ರಲ್ಲಿ ಮಾನವನು ಮೊದಲ ಬಾರಿಗೆ ಚಂದ್ರನ ಮೇಲೆ ಕಾಲಿಟ್ಟ ದೃಶ್ಯದ ಮೂಲ ಟೇಪುಗಳಿಗೂ ಇದೇ ಗತಿಯಾಯಿತೆಂದು ಅಮೆರಿಕದ ನಾಸಾ ಸಂಸ್ಥೆಯು 2009ರಲ್ಲಿ ತಿಳಿಸಿತು. ದೂರದರ್ಶನ ಸಂಸ್ಥೆಗಳು ಉಳಿಸಿಕೊಂಡಿದ್ದ ಪ್ರಸಾರದ ಪ್ರತಿಗಳಿಂದ ಆ ದೃಶ್ಯವನ್ನು ಸುಧಾರಿಸಿಕೊಳ್ಳಬೇಕಾಯಿತು. ಉಳಿಸಿದುದರ ಬೆಲೆಗೆ ನಮ್ಮಲ್ಲಿಯೂ ನಿದರ್ಶನವಿದೆ. 1987ರಲ್ಲಿ ಮೊದಲು ಪ್ರಸಾರವಾದ ‘ರಾಮಾಯಣ’ವು ಜೋಪಾನವಾಗಿದ್ದುದರಿಂದಲೇ, 2020ರಲ್ಲಿ ಸಾಂಕ್ರಾಮಿಕ ರೋಗದ ದೆಸೆಯಿಂದ ದೇಶವೆಲ್ಲ ಮನೆಯೊಳಗೆ ಕುಳಿತಿದ್ದಾಗ ಮತ್ತೊಂದು ತಲೆಮಾರು ಅದನ್ನು ಕಂಡಿತು. ಈಗ ಹಳೆಯ ಟೇಪುಗಳನ್ನೂ ಸುರುಳಿಗಳನ್ನೂ ಡಿಜಿಟಲ್ ರೂಪಕ್ಕೆ ತಿರುಗಿಸಲಾಗುತ್ತಿದೆ. ಆದರೂ ಬಲ್ಲವರು ಒಂದೇ ಪ್ರತಿಯನ್ನು ನಂಬುವುದಿಲ್ಲ. ಬೇರೆ ಬೇರೆ ಸ್ಥಳಗಳಲ್ಲಿ ಎರಡು ಮೂರು ಪ್ರತಿಗಳನ್ನಿಡುತ್ತಾರೆ.

ಚಿತ್ರವನ್ನು ಉಳಿಸುವುದಷ್ಟೇ ಸಾಲದು. ಅದರ ಸತ್ಯವನ್ನೂ ಉಳಿಸಬೇಕು. 1938ರ ಏಪ್ರಿಲ್‌ನಲ್ಲಿ ಮದ್ದೂರಿನ ಬಳಿಯ ಶಿವಪುರದಲ್ಲಿ ನಡೆದ ಧ್ವಜ ಸತ್ಯಾಗ್ರಹವನ್ನು ಕರ್ನಾಟಕದ ವಿದ್ಯಾರ್ಥಿಗಳೆಲ್ಲ ಓದಿರುತ್ತಾರೆ. ಸರ್ಕಾರದ ನಿಷೇಧವನ್ನು ಲೆಕ್ಕಿಸದೆ ಟಿ. ಸಿದ್ಧಲಿಂಗಯ್ಯನವರ ನಾಯಕತ್ವದಲ್ಲಿ ಅಲ್ಲಿ ತ್ರಿವರ್ಣ ಧ್ವಜವನ್ನು ಏರಿಸಲಾಯಿತು. ಆ ಪ್ರಸಂಗವನ್ನು ದೂರದರ್ಶನಕ್ಕಾಗಿ ನಟರಿಂದ ಆಡಿಸಿ, ಹಳೆಯದಾಗಿ ಕಾಣಲೆಂದು ಕಪ್ಪುಬಿಳುಪಿನಲ್ಲಿ ಚಿತ್ರಿಸಿದರೆಂದು ಊಹಿಸೋಣ. ಅದು ತಪ್ಪಲ್ಲ. ಆದರೆ ‘ಇದು ಪುನರಭಿನಯ’ ಎಂಬ ಎರಡು ಪದಗಳನ್ನು ಬರೆಯದೆ ಬಿಟ್ಟರೆ, ಐವತ್ತು ವರ್ಷಗಳ ಮೇಲೆ ಆ ತುಣುಕನ್ನು ಕಂಡವನು ಅದನ್ನೇ 1938ರ ನಿಜವಾದ ಚಿತ್ರವೆಂದು ನಂಬಿಯಾನು. ನಟನ ಮುಖವೇ ನಾಯಕನ ಮುಖವಾಗಿ ಉಳಿದೀತು. ಹಾಗೆಯೇ ಮೂಕಿಚಿತ್ರಕ್ಕೆ ಜಯಕಾರವನ್ನು ಜೋಡಿಸಿದರೆ, ಅಲ್ಲಿದ್ದ ಜನರು ಆಡದ ಮಾತನ್ನು ಅವರ ಬಾಯಲ್ಲಿ ಹಾಕಿದಂತಾಗುತ್ತದೆ. ಒಂದು ಊರಿನ ಗಲಭೆಯ ಚಿತ್ರವನ್ನು ಇನ್ನೊಂದು ಊರಿನದೆಂದು ತೋರಿಸಿದರೆ ಆಗುವ ಅನರ್ಥವನ್ನು ಹೇಳಬೇಕಾಗಿಲ್ಲ. ಸುಳ್ಳು ಮಾತನ್ನು ಜನ ಸಂಶಯಿಸಿಯಾರು. ಕಣ್ಣಾರೆ ಕಂಡೆನೆಂದ ಮೇಲೆ ಸಂಶಯಕ್ಕೆ ಎಡೆಯೆಲ್ಲಿ?

ಆದಕಾರಣ ಹಳೆಯ ಚಿತ್ರವನ್ನು ತೋರಿಸುವಾಗ ಪರದೆಯ ಮೂಲೆಯಲ್ಲಿ ‘ಸಂಗ್ರಹ ಚಿತ್ರ’ ಎಂದೂ, ತಿಳಿದಿದ್ದರೆ ಅದರ ದಿನಾಂಕವನ್ನೂ ಬರೆಯುವುದು ಒಳ್ಳೆಯ ಸಂಪ್ರದಾಯ. ಪ್ರಕೃತಿ ವಿಕೋಪಗಳ ಮತ್ತು ದೊಡ್ಡ ಅಪಘಾತಗಳ ದೃಶ್ಯಗಳ ಮೇಲೆ ದಿನಾಂಕವನ್ನೂ ಸಮಯವನ್ನೂ ನಮೂದಿಸಬೇಕೆಂದು ಕೇಂದ್ರ ಸರ್ಕಾರವು 2024ರ ಆಗಸ್ಟ್‌ನಲ್ಲಿ ಖಾಸಗಿ ವಾಹಿನಿಗಳಿಗೆ ಸೂಚನೆ ನೀಡಿತು. ನೆರೆ ಇಳಿದು ದಿನಗಳು ಕಳೆದರೂ ಮೊದಲ ದಿನದ ಚಿತ್ರವನ್ನೇ ಮತ್ತೆ ಮತ್ತೆ ತೋರಿಸಿದರೆ, ದೂರದಲ್ಲಿರುವ ಬಂಧುಗಳು ವೃಥಾ ತಲ್ಲಣಿಸುತ್ತಾರೆ. ಕನ್ನಂಬಾಡಿಯ ತುಂಬಿದ ಕಟ್ಟೆಯ ಚಿತ್ರಕ್ಕೂ ಈ ಮಾತು ಸಲ್ಲುತ್ತದೆ. ಮೂಲೆಯಲ್ಲಿ ‘2024ರ ಚಿತ್ರ’ ಎಂಬ ಬರಹವಿದ್ದರೆ ಅದು ನೆನಪು. ಬರಹವಿಲ್ಲದಿದ್ದರೆ ಅದೇ ಚಿತ್ರ ಮೋಸ.

ಮಂಡ್ಯ ಜಿಲ್ಲೆಯ ನಾಗಮಂಗಲ ತಾಲ್ಲೂಕಿನವರಾದ ಎಚ್.ಎಲ್. ನಾಗೇಗೌಡರು ಈ ಮರ್ಮವನ್ನು ಬಹಳ ಹಿಂದೆಯೇ ಅರಿತಿದ್ದರು. ಹಳ್ಳಿಯ ಹಾಡುಗಾರರು ಒಬ್ಬೊಬ್ಬರಾಗಿ ಕಣ್ಮರೆಯಾಗುತ್ತಿದ್ದುದನ್ನು ಕಂಡ ಅವರು, ಹಾಡನ್ನು ಬರೆದುಕೊಳ್ಳುವುದರಲ್ಲಿಯೇ ತೃಪ್ತರಾಗದೆ, ದನಿಯನ್ನು ಮುದ್ರಿಸಿಕೊಂಡರು, ಕುಣಿತವನ್ನು ಚಿತ್ರಿಸಿದರು. ಅವರು ರಾಮನಗರದ ಬಳಿ ಕಟ್ಟಿದ ಜಾನಪದ ಲೋಕವು 1994ರಲ್ಲಿ ಆರಂಭವಾಯಿತು. ಮಳವಳ್ಳಿ ಸೀಮೆಯಲ್ಲಿ ಮಂಟೇಸ್ವಾಮಿಯ ಕಾವ್ಯವನ್ನು ಇರುಳಿಡೀ ಹಾಡುವ ನೀಲಗಾರರ ದನಿ, ತಂಬೂರಿ ಮೀಟುವ ಬೆರಳು, ಹಿಮ್ಮೇಳದವರ ಮುಖಭಾವ ಇವು ಪುಸ್ತಕಕ್ಕೆ ಸಿಕ್ಕುವಂಥವಲ್ಲ. ಹಾಡುಗಾರನೊಂದಿಗೆ ಹೋಗಿಬಿಡುವ ಈ ಸಂಪತ್ತನ್ನು ಚಿತ್ರವು ಹಿಡಿದಿಡಬಲ್ಲದು.

ನಾಗೇಗೌಡರ ಕಾಲದಲ್ಲಿ ಇದಕ್ಕೆ ಭಾರವಾದ ಯಂತ್ರಗಳು ಬೇಕಾಗಿದ್ದವು. ಇಂದು ಅಂಗೈಯೊಳಗಿನ ಮೊಬೈಲು ಆ ಕೆಲಸವನ್ನು ಮಾಡುತ್ತದೆ. ಊರಹಬ್ಬದ ಪೂಜಾ ಕುಣಿತ, ಅಜ್ಜಿಯ ಸೋಬಾನೆ ಪದ, ನಾಲೆಗೆ ಬಂದ ಮೊದಲ ನೀರು ಇವುಗಳ ಚಿತ್ರವನ್ನು ತೆಗೆಯದ ಮನೆಯೇ ಅಪರೂಪ. ಆದರೆ ತೆಗೆದ ಚಿತ್ರಗಳಿಗೆ ಹೆಸರಿಲ್ಲ, ಊರಿಲ್ಲ, ದಿನವಿಲ್ಲ. ಸಾವಿರ ಚಿತ್ರಗಳ ನಡುವೆ ಅವು ಕಾಳಿನೊಡನೆ ಬೆರೆತ ಹೊಟ್ಟಿನಂತೆ ಕಳೆದುಹೋಗುತ್ತವೆ. ಹಾಡಿದವರು ಯಾರು, ಯಾವ ಊರು, ಯಾವ ದಿನ ಎಂಬ ಮೂರು ಮಾತುಗಳನ್ನು ಚಿತ್ರದೊಡನೆ ಬರೆದಿಡಲು ಮೂರು ನಿಮಿಷವೂ ಬೇಡ. ಇಂದು ಅಷ್ಟು ಮಾಡಿದರೆ, ಅರ್ಧ ಶತಮಾನದ ಮೇಲೆ ಮಂಡ್ಯದ ಕಥೆಯನ್ನು ಹೇಳಲು ಹೊರಟ ಯಾರೋ ಒಬ್ಬರಿಗೆ ಅದು ಸಾಕ್ಷಿಯಾಗಿ ಒದಗುತ್ತದೆ. ಹಗೇವಿಗೆ ಕಾಳು ತುಂಬಿದವನೇ ಅದನ್ನು ಉಣ್ಣುತ್ತಾನೆಂಬ ನಿಯಮವಿಲ್ಲ. ಆದರೂ ಹಿರಿಯರು ತುಂಬುವುದನ್ನು ಬಿಡಲಿಲ್ಲ.